‘ಡರ್’ ಎಂಬ ಹೆದರಿಕೆ, ‘ಪ್ರೀತ್ಸೆ’ ಎಂಬ ಅಪ್ಪಣೆ

2015ರಲ್ಲಿ ನಾಗಪುರ ಜಿಲ್ಲೆಯಲ್ಲಿ 11ನೇ ತರಗತಿಯ ಹುಡುಗಿಯೊಬ್ಬಳು ಶಾಲೆ ಮುಗಿಸಿ ಮನೆಗೆ ಹೋಗುತ್ತಿದ್ದಳು. ವಯಸ್ಸು 17. ಒಬ್ಬ ಗಂಡಸು ದಾರಿಗೆ ಅಡ್ಡ ಬಂದು, ಕೈ ಹಿಡಿದು, ಹೆಸರು ಕೇಳಿ, ‘ಐ ಲವ್ ಯೂ’ ಅಂದ. ಹುಡುಗಿ ಬಿಡಿಸಿಕೊಂಡು ಮನೆ ಸೇರಿ ತಂದೆಗೆ ಹೇಳಿದಳು. ದೂರು ದಾಖಲಾಯಿತು. 2017ರಲ್ಲಿ ನಾಗಪುರದ ಸೆಷನ್ಸ್ ನ್ಯಾಯಾಲಯ ಆತನಿಗೆ ಪೋಕ್ಸೋ ಕಾಯ್ದೆಯಡಿ 3 ವರ್ಷ ಶಿಕ್ಷೆ ಕೊಟ್ಟಿತು. ಮೇಲ್ಮನವಿ ಬಾಂಬೆ ಹೈಕೋರ್ಟಿನ ನಾಗಪುರ ಪೀಠಕ್ಕೆ ಹೋಗಿ, 2025ರ ಜೂನ್ ಕೊನೆಯಲ್ಲಿ ತೀರ್ಪು ಬಂತು: ಖುಲಾಸೆ. ‘ಐ ಲವ್ ಯೂ’ ಎಂಬ ಮಾತಷ್ಟರಿಂದಲೇ ಲೈಂಗಿಕ ಉದ್ದೇಶ ಇತ್ತೆಂದು ಹೇಳಲಾಗದು, ಅದನ್ನು ತೋರಿಸುವ ಇನ್ನೇನಾದರೂ ಇರಬೇಕು ಎಂದು ನ್ಯಾಯಮೂರ್ತಿ ಊರ್ಮಿಳಾ ಜೋಶಿ-ಫಾಲ್ಕೆ ಬರೆದರು.

ತೀರ್ಪು ದೇಶದೆಲ್ಲೆಡೆ ಸುದ್ದಿಯಾಯಿತು. ಮಾತು ಆಡಿದವನ ಮನಸ್ಸಿನಲ್ಲಿ ಏನಿತ್ತು ಎಂಬುದೇ ಚರ್ಚೆಯ ವಿಷಯ. ಕೇಳಿಸಿಕೊಂಡವಳು ಹೆದರಿದಳೇ ಎಂಬುದು ಆ ಕಲಮಿನ ಪ್ರಶ್ನೆಯೇ ಅಲ್ಲ. ಕಾನೂನಿನ ದೃಷ್ಟಿಯಿಂದ ಇದು ಸರಿ ಇರಬಹುದು. ಆದರೆ ಒಂದು ಹೆಣ್ಣಿನ ಹೆದರಿಕೆ ಕಥೆಯ ನಡುವಿನಿಂದ ಹೀಗೆ ಸದ್ದಿಲ್ಲದೆ ಜಾರಿಹೋಗುವುದಕ್ಕೆ ಹಳೆಯ ಇತಿಹಾಸವಿದೆ. ಅದರಲ್ಲಿ ಕೋರ್ಟಿನ ಪಾಲು ಎಷ್ಟಿದೆಯೋ ಸಿನಿಮಾದ ಪಾಲೂ ಅಷ್ಟೇ ಇದೆ. ಅಷ್ಟಕ್ಕೂ ‘ಐ ಲವ್ ಯೂ’ ವಿದರ್ಭದ ಹಳ್ಳಿಯ ಮಾತಲ್ಲ, ನಮ್ಮ ಬಯಲುಸೀಮೆಯ ಮಾತೂ ಅಲ್ಲ. ಆ ಮೂರು ಪದಗಳನ್ನು ಹೇಗೆ, ಯಾವ ಗಳಿಗೆಯಲ್ಲಿ, ಎಷ್ಟು ಹಟದಿಂದ ಹೇಳಬೇಕೆಂದು ಈ ದೇಶದ ಎರಡು ತಲೆಮಾರಿಗೆ ಕಲಿಸಿದ್ದು ಬೆಳ್ಳಿತೆರೆ.

ಆ ಕಲಿಕೆಯ ಒಂದು ದೊಡ್ಡ ಪಾಠ 1993ರ ಡಿಸೆಂಬರ್ 24ರಂದು ಬಿಡುಗಡೆಯಾಯಿತು. ಯಶ್ ಚೋಪ್ರಾ ನಿರ್ದೇಶನದ ಆ ಚಿತ್ರದ ಹೆಸರು ‘ಡರ್’. ಹೆಸರಿನ ಕೆಳಗೆ ‘ಒಂದು ಹಿಂಸಾತ್ಮಕ ಪ್ರೇಮಕಥೆ’ ಎಂಬ ಅರ್ಥದ ಇಂಗ್ಲಿಷ್ ಅಡಿಬರಹ. ಜೂಹಿ ಚಾವ್ಲಾ ಕಿರಣ್. ಸನ್ನಿ ದೇವಲ್ ಅವಳು ಪ್ರೀತಿಸಿದ ಸುನಿಲ್, ನೌಕಾಪಡೆಯ ಕಮಾಂಡೋ. ಶಾರುಕ್ ಖಾನ್ ರಾಹುಲ್: ಕಾಲೇಜಿನಲ್ಲಿ ಅವಳೊಂದಿಗೆ ಒಂದು ಮಾತೂ ಆಡದೆ ದೂರದಿಂದ ನೋಡಿ, ಆಮೇಲೆ ಅವಳು ಹೋದಲ್ಲೆಲ್ಲ ಹಿಂದೆ ಹೋಗುವವನು. ಫೋನ್ ಮಾಡುತ್ತಾನೆ, ಹೋಳಿಯ ಗದ್ದಲದಲ್ಲಿ ವೇಷ ಮರೆಸಿ ಬಂದು ಬಣ್ಣ ಹಚ್ಚುತ್ತಾನೆ, ಎದೆಯ ಮೇಲೆ ಅವಳ ಹೆಸರು ಕೊರೆದುಕೊಳ್ಳುತ್ತಾನೆ, ಸತ್ತುಹೋದ ತಾಯಿಯ ಜೊತೆ ಫೋನಿನಲ್ಲಿ ಮಾತಾಡುತ್ತಾನೆ. ಮದುವೆಯಾಗಿ ಸ್ವಿಟ್ಜರ್ಲೆಂಡಿಗೆ ಹೋದರೆ ಅಲ್ಲಿಗೂ ಬರುತ್ತಾನೆ.

ಹನಿ ಇರಾನಿ ಬರೆದ ಚಿತ್ರಕಥೆಯಲ್ಲಿ ಒಂದು ಪ್ರಾಮಾಣಿಕತೆ ಇದೆ. ‘ಡರ್’ ಅಂದರೆ ಹೆದರಿಕೆ. ಆ ಹೆದರಿಕೆ ಕಿರಣ್‌ಳದು. ಶೀರ್ಷಿಕೆಯೇ ಅವಳ ಕಡೆಗಿದೆ. ಫೋನ್ ಗಂಟೆ ಬಾರಿಸಿದರೆ ಬೆಚ್ಚುವ ಮನೆ, ಅಣ್ಣ ಅತ್ತಿಗೆಯರ ಆತಂಕ, ಮದುವೆಯ ಸಂಭ್ರಮ ಪೂರ್ತಿಯಾಗಿ ಸಂಭ್ರಮವಾಗದೆ ಉಳಿಯುವುದು, ಇವನ್ನೆಲ್ಲ ಅಲ್ಲಿಯವರೆಗಿನ ಹಿಂದಿ ಸಿನಿಮಾ ಇಷ್ಟು ಹೊತ್ತು ನಿಂತು ನೋಡಿದ್ದು ಕಡಿಮೆ. ಕೊನೆಗೆ ರಾಹುಲ್ ಸಾಯುತ್ತಾನೆ. ಕಾಗದದ ಮೇಲೆ ಎಲ್ಲವೂ ಸರಿಯಾಗಿದೆ.

ತೆರೆಯ ಮೇಲೆ ಹಾಗಾಗಲಿಲ್ಲ. ಶಿವ-ಹರಿ ಸಂಗೀತದ ಅತಿ ಇಂಪಾದ ಹಾಡುಗಳು ಸಿಕ್ಕಿದ್ದು ರಾಹುಲ್‌ಗೆ. ಅದರಲ್ಲೊಂದು ಅವನ ಕನಸಿನ ಹಾಡು. ಆ ಕನಸಿನಲ್ಲಿ ಕಿರಣ್ ನಗುತ್ತಾಳೆ, ತೋಳಿಗೆ ಬರುತ್ತಾಳೆ. ಚಿತ್ರಮಂದಿರದೊಳಗೆ ಅದು ರೋಗಿಯೊಬ್ಬನ ಭ್ರಮೆ. ಆದರೆ ಹಾಡುಗಳು ಚಿತ್ರಮಂದಿರದೊಳಗೆ ಉಳಿಯುವುದಿಲ್ಲ. ಕ್ಯಾಸೆಟ್ಟಿನಲ್ಲಿ, ಟೀವಿಯಲ್ಲಿ, ಮದುವೆಯ ಬ್ಯಾಂಡಿನಲ್ಲಿ ಕಥೆಯನ್ನು ಹಿಂದೆ ಬಿಟ್ಟು ಓಡಾಡುತ್ತವೆ. ಹಾಗೆ ಬಿಡಿಯಾಗಿ ನೋಡಿದವನಿಗೆ ಅದು ಇಬ್ಬರು ಪ್ರೇಮಿಗಳ ಯುಗಳಗೀತೆ. ಕಿರಣ್ ಹೆಸರನ್ನು ತೊದಲುತ್ತ ಹೇಳುವ ರಾಹುಲ್‌ನ ಮಾತನ್ನು ಮೂವತ್ತು ವರ್ಷಗಳಿಂದ ಮಿಮಿಕ್ರಿಯವರೂ ಕಾಲೇಜು ಹುಡುಗರೂ ಹೇಳುತ್ತ ಬಂದಿದ್ದಾರೆ. ಕಿರಣ್ ಆಡಿದ ಒಂದೇ ಒಂದು ಮಾತನ್ನು ನೆನಪಿಟ್ಟುಕೊಂಡವರು ಸಿಗುವುದು ಕಷ್ಟ.

ಚಿತ್ರೀಕರಣದ ಹೊತ್ತಿಗೇ ಇದು ಒಬ್ಬರಿಗೆ ಗೊತ್ತಾಗಿತ್ತು. ತರಬೇತಿ ಪಡೆದ ಕಮಾಂಡೋಗೆ ಒಬ್ಬ ಮಾಮೂಲಿ ಹುಡುಗ ಹೇಗೆ ಚಾಕು ಹಾಕಲು ಸಾಧ್ಯ ಎಂದು ಸನ್ನಿ ದೇವಲ್ ನಿರ್ದೇಶಕರ ಜೊತೆ ವಾದ ಮಾಡಿ, ಸಿಟ್ಟಿನಲ್ಲಿ ಜೇಬಿನೊಳಗೆ ಮುಷ್ಟಿ ಬಿಗಿದಾಗ ಪ್ಯಾಂಟೇ ಹರಿದುಹೋದದ್ದನ್ನು ಅವರೇ ಮುಂದೆ ಹೇಳಿಕೊಂಡರು. ಸಿನಿಮಾ ಯಾರ ಕಡೆ ವಾಲುತ್ತಿದೆ ಎಂದು ಅವರಿಗೆ ಅನ್ನಿಸಿದ್ದು ತಪ್ಪೇನಲ್ಲ. ಫಿಲ್ಮ್‌ಫೇರ್ ಪ್ರಶಸ್ತಿಯವರು ಶಾರುಕ್‌ರನ್ನು ಖಳನಟರ ಪಟ್ಟಿಯಲ್ಲಿ ನಾಮನಿರ್ದೇಶನ ಮಾಡಿದರು, ಪ್ರೇಕ್ಷಕರು ಪ್ರೇಮಿಗಳ ಪಟ್ಟಿಯಲ್ಲಿಟ್ಟರು. ಭಾರತ ಸರ್ಕಾರದ ರಾಷ್ಟ್ರಪ್ರಶಸ್ತಿಯೂ ಬಂತು. ಯಾವ ವಿಭಾಗದಲ್ಲಿ? ‘ಹಿತಕರ ಮನರಂಜನೆ ನೀಡುವ ಅತ್ಯುತ್ತಮ ಜನಪ್ರಿಯ ಚಿತ್ರ’. ಹೆಣ್ಣೊಬ್ಬಳನ್ನು ದೇಶ ದಾಟಿ ಬೆನ್ನಟ್ಟುವ ಕಥೆಯನ್ನು ಹಿತಕರ ಎಂದು ಕರೆಯುವಾಗ ಸಮಿತಿಯಲ್ಲಿ ಯಾರಿಗೂ ಕಸಿವಿಸಿಯಾಗಲಿಲ್ಲವೇನೋ. ಅದಕ್ಕೂ ಒಂದೂವರೆ ತಿಂಗಳು ಮೊದಲು ‘ಬಾಜಿಗರ್’, ನಾಲ್ಕು ತಿಂಗಳ ನಂತರ ‘ಅಂಜಾಮ್’. ಮೂರರಲ್ಲೂ ಅದೇ ನಟ. 1995ರ ‘ದಿಲ್‌ವಾಲೇ ದುಲ್ಹನಿಯಾ ಲೇ ಜಾಯೇಂಗೇ’ ಹೊತ್ತಿಗೆ ಆತ ದೇಶದ ಪ್ರೇಮಿಯಾಗಿದ್ದ. ಆಮೇಲಿನ ‘ದಿಲ್ ತೋ ಪಾಗಲ್ ಹೈ’ ಮತ್ತು ‘ಕುಛ್ ಕುಛ್ ಹೋತಾ ಹೈ’ ಚಿತ್ರಗಳಲ್ಲಿ ಆ ಪ್ರೇಮಿಯ ಹೆಸರು ರಾಹುಲ್ ಎಂದೇ ಇತ್ತು.

ಕಿರಣ್ ನಿಜವಾದ ಹೆಣ್ಣಾಗಿದ್ದು 1993ರಲ್ಲಿ ಪೊಲೀಸ್ ಠಾಣೆಗೆ ಹೋಗಿದ್ದರೆ ಏನಾಗುತ್ತಿತ್ತು? ಹಿಂದೆ ಬೀಳುವುದು ಎಂಬ ಅಪರಾಧವೇ ಆಗ ಭಾರತೀಯ ದಂಡ ಸಂಹಿತೆಯಲ್ಲಿ ಇರಲಿಲ್ಲ. 1860ರ ಕಾನೂನಿನಲ್ಲಿ ಇದ್ದದ್ದು ಕಲಂ 354, ಅಂದರೆ ಹೆಣ್ಣಿನ ಮಾನಕ್ಕೆ ಕುಂದು ತರಲು ಬಲ ಬಳಸುವುದು. ಕಲಂ 509, ಮಾನಕ್ಕೆ ಅವಮಾನವಾಗುವ ಮಾತು, ಸನ್ನೆ. ಮತ್ತು ಕಲಂ 506, ಬೆದರಿಕೆ. ರಾಹುಲ್ ಬಹುಪಾಲು ಹೊತ್ತು ಮುಟ್ಟುವುದಿಲ್ಲ, ಬೈಯುವುದಿಲ್ಲ. ಪ್ರೀತಿಸುತ್ತೇನೆ ಅನ್ನುತ್ತಾನೆ, ಅಷ್ಟೇ. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ ನಟಿಯೊಬ್ಬಳನ್ನು ಅಭಿಮಾನಿಯೊಬ್ಬ ಮನೆಬಾಗಿಲಲ್ಲೇ ಗುಂಡಿಟ್ಟು ಕೊಂದ ಮರುವರ್ಷ, 1990ರಲ್ಲೇ, ಇದಕ್ಕೆಂದು ಕಾನೂನು ಬಂದಿತ್ತು. ಬ್ರಿಟನ್ನಿನಲ್ಲಿ 1997ರಲ್ಲಿ. ನಮ್ಮಲ್ಲಿ ಬರಲು 2013 ಆಗಬೇಕಾಯಿತು.

ಹೆಣ್ಣಿನ ಹೆದರಿಕೆಗೆ ಕಾನೂನಿನಲ್ಲಿ ಎಷ್ಟು ಬೆಲೆ ಎಂಬ ಪ್ರಶ್ನೆಯನ್ನು ನಾಗಪುರದ ಪೀಠ ಅದಕ್ಕೂ ಬಹಳ ಮೊದಲು ಎದುರಿಸಿತ್ತು. ಆ ಕಥೆಯಲ್ಲೂ ಮೊದಲು ಬರುವುದು ಒಂದು ಪ್ರೇಮ. 1972ರ ಮಾರ್ಚ್ 26ರ ರಾತ್ರಿ, ಆಗ ಚಂದ್ರಪುರ ಜಿಲ್ಲೆಯಲ್ಲಿದ್ದ ದೇಸಾಯಿಗಂಜ್ ಠಾಣೆಗೆ ಒಬ್ಬ ಆದಿವಾಸಿ ಹುಡುಗಿಯನ್ನು ಕರೆತಂದರು. ಅವಳು ಒಬ್ಬ ಹುಡುಗನನ್ನು ಮೆಚ್ಚಿದ್ದಳು, ಅಪಹರಣವಾಗಿದೆ ಎಂದು ಅಣ್ಣ ದೂರು ಕೊಟ್ಟಿದ್ದ. ಹೇಳಿಕೆ ಬರೆದುಕೊಂಡು ಎಲ್ಲರನ್ನೂ ಕಳಿಸಿ ಅವಳನ್ನು ಮಾತ್ರ ಉಳಿಸಿಕೊಂಡರು. ಠಾಣೆಯೊಳಗೇ ಪೊಲೀಸನೊಬ್ಬ ಅತ್ಯಾಚಾರ ಮಾಡಿದ, ಇನ್ನೊಬ್ಬ ಮೈಮೇಲೆ ಕೈ ಹಾಕಿದ ಎಂಬುದು ಆರೋಪ. 1974ರಲ್ಲಿ ಸೆಷನ್ಸ್ ನ್ಯಾಯಾಲಯ ಇಬ್ಬರನ್ನೂ ಬಿಟ್ಟಿತು. ಅವಳು ಒಪ್ಪಿದ್ದಳು ಎಂಬುದು ಅದರ ಅಭಿಪ್ರಾಯ.

1976ರ ಅಕ್ಟೋಬರಿನಲ್ಲಿ ನಾಗಪುರ ಪೀಠ ಅದನ್ನು ತಿರುಗಿಸಿತು. ಹೆದರಿಕೆಯಿಂದ ಮೈಯನ್ನು ನಿಸ್ಸಹಾಯಕವಾಗಿ ಬಿಟ್ಟುಕೊಡುವುದೂ ಮನಸಾರೆ ಒಪ್ಪುವುದೂ ಒಂದೇ ಅಲ್ಲ ಎಂದು ಸ್ಪಷ್ಟವಾಗಿ ಬರೆಯಿತು. ಇಂದಿನ ಕಣ್ಣಿಗೆ ಇದು ಸಾಮಾನ್ಯ ವಿವೇಕದ ಮಾತು. ಅಂದು ಅಲ್ಲ. 1978ರಲ್ಲಿ ಸುಪ್ರೀಂ ಕೋರ್ಟು ಈ ತೀರ್ಪನ್ನು ರದ್ದು ಮಾಡಿತು. ಮೈಮೇಲೆ ಗಾಯವಿಲ್ಲ, ಕೂಗಿಕೊಂಡದ್ದಕ್ಕೆ ಪುರಾವೆಯಿಲ್ಲ, ಕಾನೂನು ಹೇಳುವ ಹೆದರಿಕೆ ಎಂದರೆ ಸಾವಿನ ಅಥವಾ ಗಾಯದ ಹೆದರಿಕೆ ಮಾತ್ರ ಎಂಬುದು ಅದರ ತರ್ಕ. ಖಾಕಿ ತೊಟ್ಟ ಇಬ್ಬರ ಮುಂದೆ, ರಾತ್ರಿ, ಠಾಣೆಯ ಗೋಡೆಯ ನಡುವೆ ಒಬ್ಬ ಕೂಲಿ ಹುಡುಗಿಗೆ ಆಗುವ ಹೆದರಿಕೆ ಆ ಲೆಕ್ಕಕ್ಕೆ ಬರಲಿಲ್ಲ. 1979ರಲ್ಲಿ ಉಪೇಂದ್ರ ಬಕ್ಷಿ, ಲತಿಕಾ ಸರ್ಕಾರ್, ವಸುಧಾ ಧಗಮ್‌ವಾರ್ ಮತ್ತು ರಘುನಾಥ ಕೇಳ್ಕರ್ ಮುಖ್ಯ ನ್ಯಾಯಮೂರ್ತಿಗಳಿಗೆ ಬಹಿರಂಗ ಪತ್ರ ಬರೆದರು. ಮಹಿಳಾ ಸಂಘಟನೆಗಳು ಬೀದಿಗಿಳಿದವು. 1983ರಲ್ಲಿ ಕಾನೂನು ತಿದ್ದುಪಡಿಯಾಗಿ, ಪೊಲೀಸರ ವಶದಲ್ಲಿದ್ದ ಹೆಣ್ಣು ‘ನಾನು ಒಪ್ಪಿರಲಿಲ್ಲ’ ಎಂದರೆ ಅದನ್ನು ಹಾಗೆಯೇ ನಂಬಿ ಮುಂದುವರಿಯಬೇಕೆಂಬ ನಿಯಮ ಬಂತು. ನಾಗಪುರದ ಪೀಠ ಹೇಳಿದ ಮಾತು ಸೋತು, ಏಳು ವರ್ಷ ತಡವಾಗಿ ಗೆದ್ದಿತು. ಅದೂ ವಶದಲ್ಲಿದ್ದ ಹೆಣ್ಣಿನ ಮಟ್ಟಿಗೆ ಮಾತ್ರ. ಬೀದಿಯಲ್ಲಿ ನಡೆಯುವ ಹೆಣ್ಣಿಗೆ ಅದರಿಂದ ಏನೂ ಸಿಗಲಿಲ್ಲ.

ದೇಸಾಯಿಗಂಜ್ ಘಟನೆಯ ಅದೇ 1972ರ ಡಿಸೆಂಬರಿನಲ್ಲಿ ಕರ್ನಾಟಕದಲ್ಲಿ ‘ನಾಗರಹಾವು’ ತೆರೆಕಂಡಿತು. ಅಂಬರೀಶ್ ಅವರ ಮೊದಲ ಚಿತ್ರ, ಪಾತ್ರದ ಹೆಸರು ಜಲೀಲ. ಚಿತ್ರದುರ್ಗದ ಬೀದಿಯಲ್ಲಿ ಅಲಮೇಲುವಿನ ಹಿಂದೆ ಸೈಕಲ್ ಹಾಕಿಕೊಂಡು ಹೋಗಿ, ಬುಲ್‌ಬುಲ್ ಎಂದು ಕರೆದು ಮಾತಾಡಿಸಲು ನೋಡುವ ಪೋಕರಿ. ಪುಟ್ಟಣ್ಣ ಕಣಗಾಲರು ಅದನ್ನು ಪೀಡೆಯೆಂದೇ ತೋರಿಸಿದ್ದಾರೆ. ರಾಮಾಚಾರಿ ಅವನನ್ನು ಹೊಡೆಯುತ್ತಾನೆ ಕೂಡ. ಆದರೆ ಕನ್ನಡಿಗರು ಉಳಿಸಿಕೊಂಡದ್ದು ಜಲೀಲನ ಆ ಸಾಲನ್ನು. ಕೇಳಿದರೆ ಇವತ್ತಿಗೂ ನಗು ಬರುತ್ತದೆ. ರಾಹುಲ್‌ನ ತೊದಲಿಗೆ ಇಪ್ಪತ್ತೊಂದು ವರ್ಷ ಮೊದಲೇ ನಮ್ಮಲ್ಲಿ ಇಂಥದ್ದೊಂದು ಆಗಿಹೋಗಿತ್ತು. 1995ರಲ್ಲಿ ಉಪೇಂದ್ರ ನಿರ್ದೇಶಿಸಿದ ‘ಓಂ’ ಒಂದು ಹೆಜ್ಜೆ ಮುಂದೆ ಹೋಯಿತು. ಅಲ್ಲಿ ಬೆನ್ನು ಬಿದ್ದವನೇ ನಾಯಕ, ಶಿವರಾಜ್‌ಕುಮಾರ್. ಅವನು ರೌಡಿಯಾದದ್ದಕ್ಕೆ ಅವಳು ಹೇಳಿದ ಸುಳ್ಳೇ ಕಾರಣ ಎಂದು ಕಥೆ ಆಮೇಲೆ ಬಿಚ್ಚಿಡುತ್ತದೆ.

ಹೀಗೆ ನೆಲ ಹದವಾಗಿದ್ದಾಗ, 2000ದಲ್ಲಿ, ಡಿ. ರಾಜೇಂದ್ರ ಬಾಬು ‘ಡರ್’ ಚಿತ್ರವನ್ನು ಕನ್ನಡಕ್ಕೆ ತಂದರು. ಸನ್ನಿ ದೇವಲ್ ಜಾಗದಲ್ಲಿ ಶಿವರಾಜ್‌ಕುಮಾರ್, ಜೂಹಿ ಜಾಗದಲ್ಲಿ ಸೋನಾಲಿ ಬೇಂದ್ರೆ, ಶಾರುಕ್ ಜಾಗದಲ್ಲಿ ಉಪೇಂದ್ರ. ಸಂಗೀತ ಹಂಸಲೇಖ. ಚಿತ್ರದ ಹೆಸರು ‘ಪ್ರೀತ್ಸೆ’.

ಇಲ್ಲಿ ಸ್ವಲ್ಪ ವ್ಯಾಕರಣ ಬೇಕು. ‘ಡರ್’ ನಾಮಪದ, ಒಂದು ಭಾವದ ಹೆಸರು. ‘ಪ್ರೀತ್ಸೆ’ ಕ್ರಿಯಾಪದ, ಅದೂ ವಿಧ್ಯರ್ಥ. ಪ್ರೀತಿಸು ಎಂಬುದಕ್ಕೆ ಹೆಣ್ಣನ್ನು ಸಲಿಗೆಯಿಂದ ಕರೆಯುವ ‘ಏ’ ಸೇರಿದೆ, ‘ಬಾರೇ’, ‘ಕೇಳೇ’, ‘ಹೇಳೇ’ ಅನ್ನುವ ಹಾಗೆ. ತಂಗಿಗೆ, ಗೆಳತಿಗೆ, ಹೆಂಡತಿಗೆ ಹೀಗೆನ್ನಬಹುದು. ಗುರುತಿಲ್ಲದವಳಿಗೆ ಅಂದರೆ ಕಪಾಳಕ್ಕೆ ಬೀಳುತ್ತದೆ. ಅಂದರೆ ಈ ಒಂದು ಪದದಲ್ಲಿ ಅಪ್ಪಣೆಯೂ ಇದೆ, ಅವಳು ಕೊಡದ ಸಲಿಗೆಯೂ ಇದೆ. ಹಿಂದಿಯಲ್ಲಿ ಶೀರ್ಷಿಕೆಯಾದರೂ ಅವಳದಾಗಿತ್ತು. ಕನ್ನಡಕ್ಕೆ ಬರುವಾಗ ಅದೂ ಅವನ ಬಾಯಿಗೆ ಹೋಯಿತು. ಕಥೆ ಅದೇ, ಹೆದರುವವಳು ಅವಳೇ, ಕೊನೆಗೆ ಸೋಲುವವನು ಅವನೇ. ಪೋಸ್ಟರಿನ ಮೇಲೆ ಮಾತ್ರ ಅವನ ಬೇಡಿಕೆ. ಹೆಸರಿಟ್ಟವರು ಇಷ್ಟೆಲ್ಲ ಯೋಚಿಸಿರಲಿಕ್ಕಿಲ್ಲ. ಬಾಯಿಗೆ ಸಿಗುವ, ಹಾಡಿಗೆ ಒದಗುವ ಒಂದು ಪದ ಬೇಕಿತ್ತು, ಸಿಕ್ಕಿತು. ಯಾರೂ ಯೋಚಿಸದೆಯೇ ಅಷ್ಟು ಸಲೀಸಾಗಿ ಸಿಕ್ಕಿತು ಎಂಬುದರಲ್ಲೇ ಆ ಕಾಲ ಕಾಣುತ್ತದೆ.

ಆ ಕಾಲದ ಬೆಂಗಳೂರಿನಲ್ಲಿ ಇನ್ನೊಂದೂ ನಡೆದಿತ್ತು. ‘ಪ್ರೀತ್ಸೆ’ಗೆ ಒಂದು ವರ್ಷ ಮೊದಲು, 1999ರ ಏಪ್ರಿಲಿನಲ್ಲಿ, ಕೆಲಸ ಬಿಟ್ಟುಹೋದ ಯುವತಿಯ ಮೇಲೆ ಅವಳ ಹಿಂದಿನ ಮಾಲೀಕ ಆಸಿಡ್ ಸುರಿದ. ಅವಳು ಕಣ್ಣು ಕಳೆದುಕೊಂಡಳು. ಕೆಳಗಿನ ನ್ಯಾಯಾಲಯ ಕೊಟ್ಟದ್ದು ಐದು ವರ್ಷ ಚಿಲ್ಲರೆ ಶಿಕ್ಷೆ. 2006ರಲ್ಲಿ ಕರ್ನಾಟಕ ಹೈಕೋರ್ಟು ಅದನ್ನು ಜೀವಾವಧಿಗೆ ಏರಿಸಿತು. ಆ ನಡುವೆ, 2003ರಲ್ಲಿ, ಇಂಥ ದಾಳಿಗಳ ವಿರುದ್ಧ ಬೆಂಗಳೂರಿನಲ್ಲಿ ಮಹಿಳೆಯರ ಒಂದು ಹೋರಾಟ ಸಮಿತಿಯೇ ಹುಟ್ಟಿತ್ತು. ಆಸಿಡ್ ಎರಚಿದವನು ಸಿನಿಮಾ ನೋಡಿ ಎರಚಿದ ಎನ್ನುವುದು ಸೋಮಾರಿ ಮಾತು. ಸಿನಿಮಾ ಇಲ್ಲದ ಕಾಲದಲ್ಲೂ ಗಂಡಸರು ಹೆಣ್ಣಿನ ‘ಬೇಡ’ವನ್ನು ಸಹಿಸಿರಲಿಲ್ಲ. ಸಿನಿಮಾ ಕೊಟ್ಟದ್ದು ಹೆಸರನ್ನು, ಹಾಡನ್ನು, ಒಂದು ಬಗೆಯ ಗೌರವವನ್ನು. 2015ರಲ್ಲಿ ಆಸ್ಟ್ರೇಲಿಯಾದ ಟ್ಯಾಸ್ಮೇನಿಯಾದಲ್ಲಿ ಇಬ್ಬರು ಹೆಂಗಸರ ಹಿಂದೆ ಬಿದ್ದಿದ್ದ ಭಾರತೀಯನೊಬ್ಬನ ವಕೀಲರು, ಈತ ಬಾಲಿವುಡ್ ನೋಡಿ ಬೆಳೆದವನು, ಬಿಡದೆ ಹಿಂದೆ ಹೋದರೆ ಹೆಣ್ಣು ಒಲಿಯುತ್ತಾಳೆಂದು ನಂಬಿದ್ದ ಎಂದು ವಾದಿಸಿದರು. ಸನ್ನಡತೆಯ ಷರತ್ತಿನ ಮೇಲೆ ಆತ ಜೈಲಿನಿಂದ ಪಾರಾದ. ನಮ್ಮ ಸಿನಿಮಾಕ್ಕೆ ಪರದೇಶದ ಕೋರ್ಟಿನಲ್ಲಿ ಸಿಕ್ಕ ವಿಚಿತ್ರ ಮನ್ನಣೆ ಇದು.

ಕಾನೂನಿನ ಕಡೆ ಬಂದರೆ, 1996ರ ಜನವರಿ 23ರಂದು ದೆಹಲಿಯಲ್ಲಿ ಕಾನೂನು ವಿದ್ಯಾರ್ಥಿನಿಯೊಬ್ಬಳು ತನ್ನ ಹಿಂದೆ ಬಿದ್ದಿದ್ದ ಹಿರಿಯ ಸಹಪಾಠಿಯ ಕೈಯಲ್ಲಿ ಕೊಲೆಯಾದಳು. ಅವಳು ಹೆದರಿದ್ದಳು, ಹೆದರಿದ್ದನ್ನು ಬರೆದುಕೊಟ್ಟಿದ್ದಳು. ಒಂದಲ್ಲ, ಹಲವು ದೂರು. ಪೊಲೀಸ್ ಕಾವಲೂ ಸಿಕ್ಕಿತ್ತು. ವಿಚಾರಣಾ ನ್ಯಾಯಾಲಯ ಆರೋಪಿಯನ್ನು ಬಿಟ್ಟಿತು, 2006ರಲ್ಲಿ ದೆಹಲಿ ಹೈಕೋರ್ಟು ಅಪರಾಧಿ ಎಂದಿತು. ಅವಳು ಸತ್ತು ಸರಿಯಾಗಿ ಹದಿನೇಳು ವರ್ಷಕ್ಕೆ, 2013ರ ಜನವರಿ 23ರಂದು, ನ್ಯಾಯಮೂರ್ತಿ ವರ್ಮಾ ಸಮಿತಿ ತನ್ನ ವರದಿ ಒಪ್ಪಿಸಿತು. ತಾರೀಖು ಕೂಡಿಬಂದದ್ದು ಕಾಕತಾಳೀಯ. ಆ ವರ್ಷದ ತಿದ್ದುಪಡಿಯಲ್ಲಿ ಕಲಂ 354ಡಿ ಬಂತು: ಹೆಣ್ಣು ಇಷ್ಟವಿಲ್ಲ ಎಂದು ಸ್ಪಷ್ಟವಾಗಿ ತೋರಿಸಿದ ಮೇಲೂ ಮತ್ತೆ ಮತ್ತೆ ಹಿಂಬಾಲಿಸುವುದು, ಸಂಪರ್ಕಿಸಲು ಯತ್ನಿಸುವುದು, ಇಂಟರ್‌ನೆಟ್ಟಿನಲ್ಲಿ ಕಣ್ಣಿಡುವುದು ಅಪರಾಧ.

ಮಸೂದೆ ಲೋಕಸಭೆಯಲ್ಲಿದ್ದಾಗ ಶರದ್ ಯಾದವ್ ಎದ್ದು ನಿಂತು, ಹುಡುಗಿಯರ ಹಿಂದೆ ಹೋಗದವರು ನಮ್ಮಲ್ಲಿ ಯಾರಿದ್ದಾರೆ ಎಂದು ಕೇಳಿದರು. ಸದನ ನಕ್ಕಿತು. ಆ ಚರ್ಚೆ ಮುಗಿಯುವ ಹೊತ್ತಿಗೆ, ಮೊದಲ ಸಲದ ಹಿಂಬಾಲಿಕೆ ಜಾಮೀನು ಸಿಗುವ ಅಪರಾಧವಾಗಿತ್ತು, ಎರಡನೇ ಸಲಕ್ಕೆ ಮಾತ್ರ ಜಾಮೀನಿಲ್ಲ. ಕಾನೂನು ಬಂದ ತಿಂಗಳೊಪ್ಪತ್ತಿನಲ್ಲಿ ಕರ್ನಾಟಕದಲ್ಲಿ ದರ್ಶನ್ ಅಭಿನಯದ ಹೊಸ ಚಿತ್ರ ಬಂತು. ಜಲೀಲನ ನೆನಪಿಗೆ ‘ಬುಲ್‌ಬುಲ್’ ಎಂದು ಹೆಸರು, ಅಂಬರೀಶ್ ಕೂಡ ಇದ್ದರು.

ಬೆಂಗಳೂರಿನ ಹೆಬ್ಬಾಳದ ಮೇಲೆ ಹಾಯುವ ರಾಷ್ಟ್ರೀಯ ಹೆದ್ದಾರಿ 44ರಲ್ಲಿ ಉತ್ತರಕ್ಕೆ ಹೋಗುತ್ತ ಹೋದರೆ, ಹೈದರಾಬಾದ್ ದಾಟಿ, ನಾಗಪುರಕ್ಕೆ ಮೊದಲು ಹಿಂಗಣಘಾಟ್ ಸಿಗುತ್ತದೆ. 2020ರ ಫೆಬ್ರವರಿ 3ರ ಬೆಳಿಗ್ಗೆ ಅಲ್ಲಿ ಪಾಠ ಮಾಡಲು ಕಾಲೇಜಿಗೆ ಹೊರಟಿದ್ದ ಯುವ ಉಪನ್ಯಾಸಕಿಯ ಮೇಲೆ ಅವಳದೇ ಊರಿನ ಒಬ್ಬ ಪೆಟ್ರೋಲ್ ಸುರಿದು ಬೆಂಕಿ ಹಚ್ಚಿದ. ಆತ ಮದುವೆಯಾದವನು, ಮಗುವಿನ ತಂದೆ. ನಾಗಪುರದ ಆಸ್ಪತ್ರೆಯಲ್ಲಿ ಒಂದು ವಾರ ಬದುಕಿದ್ದು, 10ನೇ ತಾರೀಖು ಅವಳು ತೀರಿಕೊಂಡಳು. ಎರಡು ವರ್ಷದ ನಂತರ ಅದೇ ಫೆಬ್ರವರಿ 10ರಂದು ಹಂತಕನಿಗೆ ಜೀವಾವಧಿ ಶಿಕ್ಷೆಯಾಯಿತು. ಕಠಿಣ ಶಿಕ್ಷೆಯ ‘ಶಕ್ತಿ’ ಮಸೂದೆಯನ್ನು ಮಹಾರಾಷ್ಟ್ರ ವಿಧಾನಸಭೆ 2021ರಲ್ಲಿ ಒಪ್ಪಿತು, ಜಾರಿಗೆ ಬರಲಿಲ್ಲ.

ಇಂಥ ಕೊಲೆಗಳಿಗೆ ಮರಾಠಿ ಪತ್ರಿಕೆಗಳಲ್ಲಿ ಒಂದು ಸಿದ್ಧ ಪದಪುಂಜವಿದೆ, ‘ಏಕತರ್ಫೀ ಪ್ರೇಮ’. ಕನ್ನಡದಲ್ಲಿ ‘ಪಾಗಲ್ ಪ್ರೇಮಿ’, ‘ಭಗ್ನಪ್ರೇಮಿ’, ‘ಒನ್ ವೇ ಲವ್’. 2024ರ ಏಪ್ರಿಲ್ ಮತ್ತು ಮೇ ತಿಂಗಳಲ್ಲಿ, ನಾಲ್ಕು ವಾರದ ಅಂತರದಲ್ಲಿ, ಹುಬ್ಬಳ್ಳಿಯಲ್ಲಿ ಇಬ್ಬರು ಯುವತಿಯರು ಹೀಗೆ ಕೊಲೆಯಾದಾಗಲೂ ಟೀವಿ ಪರದೆಯ ಮೇಲೆ ಓಡಿದ್ದು ಪ್ರೇಮದ ಭಾಷೆಯೇ. ಎರಡನೆಯವಳ ಮನೆಯವರು ಬೆದರಿಕೆಯ ವಿಷಯ ಮೊದಲೇ ಹೇಳಿದ್ದರೂ ನಿರ್ಲಕ್ಷಿಸಿದರೆಂಬ ಆರೋಪದ ಮೇಲೆ ಪೊಲೀಸರ ಅಮಾನತಾಯಿತು. ಒಬ್ಬಳು ಬೇಡ ಎಂದ ಮೇಲೆ ಉಳಿದದ್ದನ್ನು ಯಾವ ಭಾಷೆಯ ಪತ್ರಿಕೆ ‘ಹೆದರಿಕೆ’ ಎಂದು ಕರೆದಿದೆ? ‘ಏಕಮುಖ’ ಎಂಬ ವಿಶೇಷಣ ಅಂಟಿಸಿದರೂ ಪ್ರೀತಿ ಪ್ರೀತಿಯಾಗಿಯೇ ಉಳಿಯುತ್ತದೆ, ಕೊಂದವನು ಪ್ರೇಮಿಯಾಗಿಯೇ ಉಳಿಯುತ್ತಾನೆ.

ಇಷ್ಟೆಲ್ಲ ಹಿನ್ನೆಲೆ ಇಟ್ಟುಕೊಂಡು 2025ರ ನಾಗಪುರ ತೀರ್ಪನ್ನು ಓದಿದರೆ ಅದನ್ನು ಬೈದು ಮುಗಿಸುವುದು ಸುಲಭವಲ್ಲ. ಒಂದು ಮಾತಿಗೆ, ಒಮ್ಮೆ ಕೈ ಹಿಡಿದದ್ದಕ್ಕೆ, ಮಕ್ಕಳ ಮೇಲಿನ ಲೈಂಗಿಕ ಅಪರಾಧದ ಕಾಯ್ದೆಯಡಿ ಮೂರು ವರ್ಷದ ಜೈಲು ಎನ್ನುವುದು ಭಾರವಾದ ಶಿಕ್ಷೆ. ಉದ್ದೇಶವನ್ನು ಪುರಾವೆಯಿಂದ ತೋರಿಸಬೇಕು ಎಂಬ ನಿಯಮ ಸಡಿಲವಾದರೆ ಮೊದಲು ಜೈಲಿಗೆ ಹೋಗುವವರು ಬಡವರ ಮಕ್ಕಳು, ಜಾತಿ ಮೀರಿ ನಿಜವಾಗಿಯ ಪರಸ್ಪರ ಪ್ರೀತಿಸಿದ ಹುಡುಗರು. ದೇಸಾಯಿಗಂಜಿನ ಹುಡುಗಿ ಠಾಣೆಗೆ ಬಂದದ್ದೇ ಅಂಥ ಒಂದು ಸುಳ್ಳು ಅಪಹರಣದ ದೂರಿನಿಂದ. ನ್ಯಾಯಾಧೀಶರು ಕಲಂ ಏನು ಹೇಳುತ್ತದೋ ಅದನ್ನೇ ಅಳೆಯಬೇಕು.

ತೊಡಕಿರುವುದು ಕಲಮಿನಲ್ಲಿ. ಪೋಕ್ಸೋ ಅವನ ಉದ್ದೇಶ ಕೇಳುತ್ತದೆ. ಹಿಂಬಾಲಿಕೆಯ ಕಲಂ ‘ಮತ್ತೆ ಮತ್ತೆ’ ನಡೆದಿದೆಯೇ ಎಂದು ಕೇಳುತ್ತದೆ. ಅಡ್ಡಗಟ್ಟಿ ಕೈ ಹಿಡಿದ ಮೊದಲ ದಿನವೇ ತಂದೆಗೆ ಹೇಳಿ, ದೂರು ಕೊಟ್ಟ ಹುಡುಗಿ ಆ ಲೆಕ್ಕದಲ್ಲಿ ಬೇಗ ಬಂದವಳು. ದೆಹಲಿಯ ವಿದ್ಯಾರ್ಥಿನಿ ‘ಮತ್ತೆ ಮತ್ತೆ’ ದೂರು ಕೊಟ್ಟಿದ್ದಳು, ಹುಬ್ಬಳ್ಳಿಯ ಮನೆಯವರು ಮೊದಲೇ ಹೇಳಿದ್ದರು. ಅವರ ದೂರುಗಳೂ ಹೊತ್ತಿಗೆ ಒದಗಲಿಲ್ಲ.

2024ರ ಜುಲೈ 1ರಿಂದ ದಂಡ ಸಂಹಿತೆ ಹೋಗಿ ಭಾರತೀಯ ನ್ಯಾಯ ಸಂಹಿತೆ ಬಂದಿದೆ. 354ಡಿ ಈಗ 78ನೇ ಕಲಂ. ‘ಮತ್ತೆ ಮತ್ತೆ’ ಎಂಬ ಮಾತು ಹಾಗೆಯೇ ಇದೆ, ಮೊದಲ ಸಲಕ್ಕೆ ಜಾಮೀನೂ ಹಾಗೆಯೇ ಇದೆ.